ನಿಮ್ಮ ಚಂದಾ ಹಣ ಎಲ್ಲಿಗೆ ಹೋಗುತ್ತದೆ?

ಓದುಗರೊಬ್ಬರ ಪತ್ರ: "ಹಿಂದೆ ಹಾಡುಗಳನ್ನು ಪುಕ್ಕಟೆ ಡೌನ್‌ಲೋಡ್ ಮಾಡುತ್ತಿದ್ದೆ. ತಪ್ಪು ಅನಿಸಿ ಬಿಟ್ಟೆ. ಈಗ ತಿಂಗಳು ತಿಂಗಳು ದುಡ್ಡು ಕಟ್ಟಿ ಸ್ಟ್ರೀಮಿಂಗ್‌ನಲ್ಲೇ ಕೇಳುತ್ತೇನೆ. ಆದರೂ ಹಾಡುಗಾರರು ಏನೂ ಸಿಗುತ್ತಿಲ್ಲ ಎಂದು ಗೋಳಾಡುತ್ತಾರೆ. ಇವರಿಗೆ ಎಷ್ಟು ಕೊಟ್ಟರೂ ಸಾಲದೇ? ಇನ್ನೊಂದು ಮಾತು, ಆ ಹಳೇ ಫೈಲುಗಳನ್ನು ಅಳಿಸಿಬಿಡಲೇ?"

ಸಂಪಾದಕರ ಉತ್ತರ:

ನಾನೂ ಅದೇ ಗುಂಪಿನವನು. ಒಂದು ಹಾಡು ಇಳಿಸಲು ಗಂಟೆಗಟ್ಟಲೆ ಫೋನ್ ಲೈನ್ ಹಿಡಿದು ಕೂತು ಮನೆಯವರಿಂದ ಬೈಸಿಕೊಂಡವನು.

1999ರಲ್ಲಿ ನ್ಯಾಪ್‌ಸ್ಟರ್ ಬಂತು. ಯಾರದೋ ಕಂಪ್ಯೂಟರಿನ ಹಾಡು ಇನ್ಯಾರದೋ ಕಂಪ್ಯೂಟರಿಗೆ, ಬಿಡಿಗಾಸಿಲ್ಲದೆ. 2001ರಲ್ಲಿ ಕೋರ್ಟಿನ ಹೊಡೆತಕ್ಕೆ ಅದು ನಿಂತಿತು, ಆದರೆ ಅಷ್ಟರಲ್ಲಿ ಜನಕ್ಕೆ ರುಚಿ ಹತ್ತಿತ್ತು. ಒಂದು ಹಾಡಿಗಾಗಿ ಇಡೀ ಸೀಡಿ ಯಾಕೆ ಕೊಳ್ಳಬೇಕು, ಅಲ್ವಾ? 2003ರಲ್ಲಿ ಆಪಲ್ ಬಿಡಿ ಹಾಡನ್ನೇ 99 ಸೆಂಟಿಗೆ ಮಾರತೊಡಗಿತು. ಆದರೂ ಉದ್ಯಮದ ವರಮಾನ ಸುಮಾರು 15 ವರ್ಷ ಇಳಿಯುತ್ತಲೇ ಹೋಯಿತು. ಮೇಲೆತ್ತಿದ್ದು ಸ್ಟ್ರೀಮಿಂಗ್. 2023ರಲ್ಲಿ ಜಗತ್ತಿನಾದ್ಯಂತ ಧ್ವನಿಮುದ್ರಿತ ಸಂಗೀತದಿಂದ ಬಂದದ್ದು 2,860 ಕೋಟಿ ಡಾಲರ್. ಅದರಲ್ಲಿ ಮೂರನೇ ಎರಡರಷ್ಟು ಸ್ಟ್ರೀಮಿಂಗ್‌ನದೇ.

ಹಾಗಾದರೆ ಗೋಳೇಕೆ? ನೀವು ತಿಂಗಳಿಡೀ ಒಬ್ಬಳೇ ಗಾಯಕಿಯ ಹಾಡು ಕೇಳಿದಿರಿ ಅಂದುಕೊಳ್ಳಿ. ನಿಮ್ಮ ಚಂದಾ ಅವಳಿಗೆ ಹೋಯಿತು ಎಂದು ನಂಬಿದ್ದೀರಿ. ಹೆಚ್ಚಿನ ಕಡೆ ಹಾಗಾಗುವುದಿಲ್ಲ. ಎಲ್ಲರ ದುಡ್ಡೂ ಒಂದೇ ಹುಂಡಿಗೆ ಬೀಳುತ್ತದೆ. ಕಂಪನಿ ತನ್ನ ಪಾಲು ತೆಗೆದು, ಉಳಿದದ್ದನ್ನು ಒಟ್ಟು ಕೇಳಿಕೆಯ ಲೆಕ್ಕದಲ್ಲಿ ಹಂಚುತ್ತದೆ. ದಿನವಿಡೀ ಸುಮ್ನೆ ಹಾಡು ಹಚ್ಚಿಟ್ಟವನು ಯಾರನ್ನು ಕೇಳಿದನೋ, ನಿಮ್ಮ ದುಡ್ಡಿನ ಬಹುಪಾಲು ಅಂಥವರ ಕಡೆಗೇ ಹರಿಯುತ್ತದೆ. ನಿಮ್ಮ ಗಾಯಕಿಗೆ ಬರುವುದು ಚೂರುಪಾರು. ಅದರಲ್ಲೂ ರೆಕಾರ್ಡಿಂಗ್ ಕಂಪನಿ ಮೊದಲು ಕೈ ಹಾಕುತ್ತದೆ.

ಸ್ಪಾಟಿಫೈ ಎಂಬ ಸ್ಟ್ರೀಮಿಂಗ್ ಆ್ಯಪ್‌ನಲ್ಲಿ 30 ಸೆಕೆಂಡು ಕೇಳಿದರೆ ಒಂದು ಕೇಳಿಕೆ ಎಂದು ಲೆಕ್ಕ. (ಈಗಿನ ಹಾಡುಗಳು ಪೀಠಿಕೆ ಇಲ್ಲದೆ ನೇರ ಪಲ್ಲವಿಗೇ ಹಾರುವುದಕ್ಕೆ ಇದೂ ಒಂದು ಕಾರಣ ಎಂದು ನನ್ನ ಗುಮಾನಿ.) 2024ರಿಂದ ಅಲ್ಲಿ ಇನ್ನೊಂದು ನಿಯಮ: ವರ್ಷಕ್ಕೆ ಸಾವಿರ ಕೇಳಿಕೆ ದಾಟದ ಹಾಡಿನ ರೆಕಾರ್ಡಿಂಗಿಗೆ ದುಡ್ಡೇ ಇಲ್ಲ. ಹೊಸಬರ ಪಾಲಿಗೆ ಇದು ಪುಕ್ಕಟೆ ಡೌನ್‌ಲೋಡಿಗಿಂತ ಎಷ್ಟು ಬೇರೆ, ನೀವೇ ಹೇಳಿ.

ಬೇರೆ ದಾರಿಯೂ ಇದೆ. ಸೌಂಡ್‌ಕ್ಲೌಡ್ ಎಂಬ ಇನ್ನೊಂದು ಸ್ಟ್ರೀಮಿಂಗ್ ತಾಣ 2021ರಲ್ಲಿ ಸ್ವತಂತ್ರ ಕಲಾವಿದರಿಗಾಗಿ, ಕೇಳುಗ ಕೊಟ್ಟದ್ದು ಅವನು ಕೇಳಿದವರಿಗೇ ಹೋಗುವ ಪದ್ಧತಿ ಶುರುಮಾಡಿತು. ಹಾಡು ಮಾರುವ ತಾಣ ಬ್ಯಾಂಡ್‌ಕ್ಯಾಂಪ್‌ನಲ್ಲಿ ಆಲ್ಬಮ್ ಕೊಂಡರೆ ದುಡ್ಡಿನ ದೊಡ್ಡ ಪಾಲು ಕಲಾವಿದರ ಕಡೆಗೇ ಹೋಗುತ್ತದೆ. ಹಾಗೆಂದು ಸ್ಟ್ರೀಮಿಂಗ್ ಬಿಡಿ ಎನ್ನಲಾರೆ. ನಾನೇ ಬಿಟ್ಟಿಲ್ಲ.

ಹಳೇ ಫೈಲು ಅಳಿಸಿದರೆ ಯಾರಿಗೂ ಕಾಸು ಸಿಗದು. ಅವುಗಳಲ್ಲಿ ಈಗಲೂ ಕೇಳುವ ಒಂದು ಆಲ್ಬಮ್ ಆರಿಸಿ ಕೊಂಡುಬಿಡಿ. ನಾನು ಹಾಗೆ ಮೂರು ಕೊಂಡಿದ್ದೇನೆ. ಬಾಕಿ ಇನ್ನೂ ಜಾಸ್ತಿಯೇ ಇದೆ.