ಉಮಾಶ್ರೀ ಅವರನ್ನು ಎಲ್ಲಿಂದ ನೋಡಲು ಶುರು ಮಾಡಲಿ ಎಂದು ಕೇಳಿದವರಿಗೆ

ನಮಸ್ಕಾರ. ಹಾಸನದಲ್ಲಿ ಓದುತ್ತಿರುವ ನಿಮ್ಮ ಮಗಳು ಕಾಲೇಜಿನಲ್ಲಿ ಉಮಾಶ್ರೀ ಬಗ್ಗೆ ಮಾತಾಡಬೇಕು, ನಮಗೆ ಗೊತ್ತಿರುವುದು ಅವರ ಕಾಮಿಡಿ ಮಾತ್ರ, ರಾಷ್ಟ್ರ ಪ್ರಶಸ್ತಿ ಯಾಕೆ ಬಂತು ಎಂದು ಕೇಳಿದ್ದೀರಿ.

ನಾನೂ ಹಾಸನದವಳೇ. ಮೊದಲು ‘ಗುಲಾಬಿ ಟಾಕೀಸ್’ ನೋಡಿ. ವೈದೇಹಿಯವರ ಕಥೆ, ಗಿರೀಶ್ ಕಾಸರವಳ್ಳಿ ನಿರ್ದೇಶನ. ಗಂಡ ಬಿಟ್ಟುಹೋದ ಸೂಲಗಿತ್ತಿ ಗುಲಾಬಿಗೆ ಸಿನಿಮಾ ಹುಚ್ಚು. ಮನೆಗೆ ಟಿವಿ ಬಂದ ಮೇಲೆ ಊರ ಹೆಂಗಸರೆಲ್ಲ ಅಲ್ಲಿ ಸೇರುತ್ತಾರೆ. ಆ ಖುಷಿಯೂ ಆಮೇಲಿನ ಒಂಟಿತನವೂ ಉಮಾಶ್ರೀ ಮುಖದಲ್ಲೇ ಕಾಣುತ್ತವೆ. ಜಾಸ್ತಿ ಮಾತೇ ಬೇಕಾಗಿಲ್ಲ. 2007ನೇ ಸಾಲಿನ ರಾಷ್ಟ್ರ ಪ್ರಶಸ್ತಿ ಬಂದಿದ್ದು ಇದಕ್ಕೇ.

ಆಮೇಲೆ 1995ರ ‘ಪುಟ್ನಂಜ’. ಅದರಲ್ಲಿ ರವಿಚಂದ್ರನ್‌ಗೆ ಅಜ್ಜಿ ಪುಟ್ಮಲ್ಲಿ. ಆಗ ಅವರಿಗೆ ನಲವತ್ತೂ ತುಂಬಿರಲಿಲ್ಲ! ನಡಿಗೆ, ದನಿ, ಸೊಂಟದ ಬಾಗು ಎಲ್ಲ ಗಮನಿಸಲು ಮಗಳಿಗೆ ಹೇಳಿ. ನಗಿಸುವ ಪಾತ್ರ ಎಂದು ಸುಮ್ನೆ ದಾಟಿಬಿಡಬಾರದು.

ರಂಗಭೂಮಿಯನ್ನು ಮಾತ್ರ ಬಿಡಲೇಬೇಡಿ. ದೇವನೂರ ಮಹಾದೇವ ಅವರ ‘ಒಡಲಾಳ’ ನಾಟಕವಾದಾಗ, ಕಳೆದುಹೋದ ಹುಂಜ ಹುಡುಕುವ ಸಾಕವ್ವನಾಗಿ ಅವರು ನಿಂತರು. ನೋಡಿದವರು ಇವತ್ತಿಗೂ ಸಾಕವ್ವ ಅಂದರೆ ಉಮಾಶ್ರೀ ಅಂತಲೇ ನೆನೆಯುತ್ತಾರೆ. ನನ್ನ ಮಟ್ಟಿಗೆ ಅವರ ನಟನೆಯ ಬೇರು ಅಲ್ಲೇ ಇದೆ.

ಹುಟ್ಟಿದ್ದು 1957ರಲ್ಲಿ, ತಿಪಟೂರು ತಾಲ್ಲೂಕಿನ ನೊಣವಿನಕೆರೆಯಲ್ಲಿ. ನಮ್ಮ ಅರಸೀಕೆರೆ ದಾಟಿದರೆ ತಿಪಟೂರೇ ಅಲ್ವಾ! 2013ರಲ್ಲಿ ತೇರದಾಳದಿಂದ ಗೆದ್ದು ಮಂತ್ರಿಯೂ ಆದರು. ‘ಪುಟ್ಟಕ್ಕನ ಮಕ್ಕಳು’ ಧಾರಾವಾಹಿ ನೀವೇ ನೋಡಿರುತ್ತೀರಿ.

ಭಾಷಣವನ್ನು ಸಾಕವ್ವನ ಹುಂಜದಿಂದಲೇ ಶುರು ಮಾಡಲಿ. ‘ಒಡಲಾಳ’ ಚಿಕ್ಕ ಪುಸ್ತಕ, ಒಂದೇ ದಿನದಲ್ಲಿ ಓದಬಹುದು.