ಗಂಟೆ, ನಿಮಿಷದ ಬದಲು ತಾಳ ಇಡಿ

ನಿಮ್ಮ ಕಥೆಯ ಗುರುಕುಲದಲ್ಲಿ ಕಾಲವನ್ನೇ ಸಂಗೀತ ಅಂತ ಕಲಿಸುತ್ತಾರೆ, ಹಾಗಾದರೆ ಗಂಟೆ, ನಿಮಿಷದ ಜಾಗಕ್ಕೆ ಏನು ಹೆಸರು ಇಡಲಿ ಅಂತ ಕೇಳಿದ್ದೀರಲ್ಲ, ಸುಮ್ನೆ ಹೊಸದು ಕಟ್ಟಲು ಹೋಗಬೇಡಿ. ಕರ್ನಾಟಕ ಸಂಗೀತದ ತಾಳಗಳಲ್ಲೇ ಬೇಕಾದಷ್ಟಿದೆ. 7 ತಾಳ, ಪ್ರತಿಯೊಂದಕ್ಕೂ 5 ಜಾತಿ (ಅಂದರೆ ಎಣಿಕೆಯ ಬಗೆ), ಒಟ್ಟು 35. ತೀರಾ ಚಿಕ್ಕದು ತಿಸ್ರ ಜಾತಿ ಏಕ, 3 ಅಕ್ಷರ (ತಾಳದ ಒಂದೊಂದು ಎಣಿಕೆಗೆ ಅಕ್ಷರ ಅನ್ನುತ್ತಾರೆ). ದೊಡ್ಡದು ಸಂಕೀರ್ಣ ಜಾತಿ ಧ್ರುವ, 29.

ಒಬ್ಬ ಶಿಷ್ಯ 8 ಅಕ್ಷರದ ಆದಿ ತಾಳದಲ್ಲಿ ಬದುಕುತ್ತಾನೆ, ಇನ್ನೊಬ್ಬಳು 6 ಅಕ್ಷರದ ರೂಪಕದಲ್ಲಿ ಅಂದುಕೊಳ್ಳಿ. ಒಟ್ಟಿಗೆ ಶುರು ಮಾಡಿದರೂ ಇಬ್ಬರ ಮೊದಲ ಪೆಟ್ಟು ಮತ್ತೆ ಕೂಡುವುದು 24 ಅಕ್ಷರಕ್ಕೊಮ್ಮೆ. ಅವರ ಭೇಟಿ ಅಲ್ಲೇ ಇಡಿ.

ನನಗೆ ಜಾಸ್ತಿ ಇಷ್ಟ ಗ್ರಹ, ಅಂದರೆ ಹಾಡು ತಾಳವನ್ನು ಎಲ್ಲಿ ಹಿಡಿಯುತ್ತದೆ ಅನ್ನುವುದು. ತಾಳಕ್ಕಿಂತ ಮೊದಲೇ ಎತ್ತಿಕೊಂಡರೆ ಅತೀತ, ತಾಳ ಶುರುವಾದ ಮೇಲೆ ಎತ್ತಿಕೊಂಡರೆ ಅನಾಗತ. ಪದದ ಅರ್ಥ ನೋಡಿ, ಒಂದು ಕಳೆದುಹೋದದ್ದು, ಇನ್ನೊಂದು ಇನ್ನೂ ಬರದಿದ್ದು. ನಿಮಗೆ ಹೇಳಿ ಮಾಡಿಸಿದ ಹಾಗಿದೆ, ಅಲ್ವಾ? (ಕಲಿಯುವಾಗ ಅನಾಗತದಲ್ಲಿ ನಾನು ಎಡವದ ದಿನವೇ ಇರಲಿಲ್ಲ.)

ಒಂದು ಅಕ್ಷರಕ್ಕೆ ಇಷ್ಟೇ ಸೆಕೆಂಡು ಅಂತ ಮಾತ್ರ ಬರೆಯಬೇಡಿ. ವಿಳಂಬದಲ್ಲಿ, ಅಂದರೆ ನಿಧಾನ ಲಯದಲ್ಲಿ, ಅದು ಎಳೆಯುತ್ತದೆ, ದ್ರುತದಲ್ಲಿ, ಅಂದರೆ ವೇಗದ ಲಯದಲ್ಲಿ, ಓಡುತ್ತದೆ. ಗುರುಗಳಿಗೆ ಸಿಟ್ಟು ಬಂದ ದಿನ ಮಧ್ಯಾಹ್ನ ಬೇಗ ಮುಗಿದುಹೋಗಲಿ.