ಕಪ್ಪು-ಬಿಳಿ ಮಕ್ಕಳನ್ನು ಒಂದೇ ಶಾಲೆಗೆ ಕಳಿಸಿದ್ದರಿಂದ ಬಾಸ್ಟನ್ ಹಾಳಾಯಿತೇ?

ಬಸ್ಸಿಂಗ್‌ನಿಂದಲೇ ಅಮೆರಿಕದ ಬಾಸ್ಟನ್ ಶಾಲೆಗಳು ಕೆಟ್ಟವು ಅಂತಾರಲ್ಲ, ನಿಜವೇ ಎಂದು ಕೇಳಿದ್ದೀರಿ. ಬಸ್ಸಿಂಗ್ ಅಂದರೆ ಕಪ್ಪು ಮಕ್ಕಳನ್ನು ಬಿಳಿಯರ ಶಾಲೆಗೂ, ಬಿಳಿ ಮಕ್ಕಳನ್ನು ಕಪ್ಪು ಜನರ ಶಾಲೆಗೂ ಬಸ್ಸಿನಲ್ಲಿ ಕಳಿಸಿ ಒಟ್ಟಿಗೆ ಓದಿಸುವುದು. ನಾನು ಈ ಊರಿನ ಪಕ್ಕದಲ್ಲೇ ಇರುವವಳು. ಆ ಮಾತು ಇಲ್ಲಿ ಈಗಲೂ ಕಿವಿಗೆ ಬೀಳುತ್ತದೆ. ನಾನಂತೂ ಒಪ್ಪುವುದಿಲ್ಲ.

ಇದು 1974ರಲ್ಲಿ ಶುರುವಾದ ಕಥೆಯಲ್ಲ. ಕಪ್ಪು ಮಕ್ಕಳ ತಾಯಂದಿರು ಅದಕ್ಕೂ ಹತ್ತು ವರ್ಷ ಮೊದಲಿನಿಂದ, ಊರಿನ ಶಾಲೆಗಳನ್ನು ನಡೆಸುವ ಶಾಲಾ ಸಮಿತಿಗೆ ಅಲೆಯುತ್ತಿದ್ದರು. ಮಕ್ಕಳು ಕಿಕ್ಕಿರಿದ ತರಗತಿಗಳು, ಹಳೇ ಕಟ್ಟಡಗಳು. 1965ರಲ್ಲಿ ಕಪ್ಪು ಮಕ್ಕಳೇ ತುಂಬಿರುವ ಶಾಲೆಗಳನ್ನು ಸರಿಪಡಿಸಿ ಎಂದು ರಾಜ್ಯ ಸರ್ಕಾರ ಕಾನೂನು ಮಾಡಿದರೂ ಸಮಿತಿ ಜಗ್ಗಲಿಲ್ಲ. ಆಗ ಎಲೆನ್ ಜ್ಯಾಕ್ಸನ್ ಮತ್ತು ಇತರ ತಾಯಂದಿರು ತಾವೇ ದುಡ್ಡು ಕೂಡಿಸಿ, ಬಸ್ಸು ಮಾಡಿ, ಸೀಟು ಖಾಲಿ ಇದ್ದ ಶಾಲೆಗಳಿಗೆ ಮಕ್ಕಳನ್ನು ಕಳಿಸಿದರು. ಕೊನೆಗೆ ವಿಷಯ ಕೋರ್ಟಿಗೆ ಹೋಯಿತು. ಸಮಿತಿ ಬೇಕಂತಲೇ ಮಕ್ಕಳನ್ನು ಬೇರೆ ಬೇರೆ ಇಟ್ಟಿದೆ ಎಂದು 1974ರ ಜೂನ್‌ನಲ್ಲಿ ನ್ಯಾಯಾಧೀಶ ಆರ್ಥರ್ ಗ್ಯಾರಿಟಿ ತೀರ್ಪು ಕೊಟ್ಟರು, ಬಸ್ಸಿನಲ್ಲಿ ಕಳಿಸಿ ಮಕ್ಕಳನ್ನು ಬೆರೆಸಿ ಎಂದರು.

ಸೆಪ್ಟೆಂಬರ್ 12ರಂದು ಕಪ್ಪು ಜನರ ಬಡಾವಣೆ ರಾಕ್ಸ್‌ಬರಿಯ ಮಕ್ಕಳು ಬಿಳಿಯರ ಬಡಾವಣೆ ಸೌತ್ ಬಾಸ್ಟನ್‌ಗೆ ಹೋದರು. ವಾಪಸ್ ಬರುವಾಗ ಬಸ್ಸುಗಳ ಮೇಲೆ ಕಲ್ಲು ಬಿತ್ತು. ಇಳಿದ ಮಕ್ಕಳ ತಲೆಗೂದಲಲ್ಲಿ ಗಾಜಿನ ಚೂರು. ಅದೇ ಮಕ್ಕಳನ್ನು ಮಾರನೇ ದಿನ ಮತ್ತೆ ಬಸ್ ಹತ್ತಿಸಬೇಕು. ಆ ಅಮ್ಮಂದಿರಿಗೆ ಹೇಗಾಗಿರಬೇಡ! ಡಿಸೆಂಬರ್‌ನಲ್ಲಿ ಸೌತ್ ಬಾಸ್ಟನ್ ಹೈಸ್ಕೂಲಿನೊಳಗೆ ಒಬ್ಬ ಬಿಳಿ ಹುಡುಗನಿಗೆ ಚಾಕು ಇರಿತವಾಯಿತು. ಆಮೇಲೆ ಅಲ್ಲಿ ಮೆಟಲ್ ಡಿಟೆಕ್ಟರ್ ಬಂತು, ಕಾರಿಡಾರಿನಲ್ಲಿ ಪೊಲೀಸರು ನಿಂತರು. ಪಾಠ ಎಲ್ಲಿಂದ ನಡೆಯಬೇಕು?

ಬಿಳಿಯರ ಮನೆಗಳಲ್ಲೂ ನೋವಿತ್ತು. ಸೌತ್ ಬಾಸ್ಟನ್‌ನವರು ಹೆಚ್ಚಾಗಿ ಕೂಲಿ-ಕಾರ್ಖಾನೆಯ ಐರಿಶ್ ಮೂಲದ ಜನ. ಎಷ್ಟೋ ಮಂದಿ ಮಕ್ಕಳನ್ನು ಶಾಲೆ ಬಿಡಿಸಿ ಮನೆಯಲ್ಲಿ ಕೂರಿಸಿದರು. ಕೈಯಲ್ಲಿ ಕಾಸಿದ್ದವರು ಖಾಸಗಿ ಶಾಲೆಗೆ ಸೇರಿಸಿದರು, ಇಲ್ಲವೇ ಊರು ಬಿಟ್ಟರು.

ಒಳ್ಳೆಯದೂ ಆಯಿತು, ಅದನ್ನು ಯಾರೂ ಹೇಳುವುದಿಲ್ಲ. ಕಪ್ಪು ಶಿಕ್ಷಕರು ಶೇ. 20 ಆಗುವವರೆಗೆ ನೇಮಕ ಮಾಡಿ ಎಂದು ಗ್ಯಾರಿಟಿ ಆದೇಶ ಕೊಟ್ಟರು. ಅದಕ್ಕೆ ಮುಂಚೆ ಅಂಥವರು ತೀರಾ ಕಡಿಮೆ. ಇನ್ನು ಇಡೀ ದೇಶದ ಮಾತು: ಅರ್ಥಶಾಸ್ತ್ರಜ್ಞ ರಕರ್ ಜಾನ್ಸನ್ ಲೆಕ್ಕ ಹಾಕಿ ತೋರಿಸಿದ್ದಾರೆ. ಕಪ್ಪು-ಬಿಳಿ ಮಕ್ಕಳು ಒಟ್ಟಿಗಿದ್ದ ಶಾಲೆಗಳಲ್ಲಿ ಓದಿದ ಕಪ್ಪು ಮಕ್ಕಳು ಜಾಸ್ತಿ ಓದಿದರು, ಜಾಸ್ತಿ ಸಂಪಾದಿಸಿದರು, ಬಿಳಿ ಮಕ್ಕಳಿಗೆ ನಷ್ಟವೇನೂ ಆಗಲಿಲ್ಲ.

ನನ್ನ ಸಿಟ್ಟು ಬೇರೆ ಕಡೆಗಿದೆ. ಅದೇ 1974ರ ಜುಲೈನಲ್ಲಿ ಸುಪ್ರೀಂ ಕೋರ್ಟ್ ಡೆಟ್ರಾಯಿಟ್ ಪ್ರಕರಣದಲ್ಲಿ, ತಪ್ಪು ಮಾಡದ ಹೊರವಲಯದ ಊರುಗಳನ್ನು ಇದಕ್ಕೆ ಎಳೆಯುವಂತಿಲ್ಲ ಎಂದಿತು. ಹೀಗಾಗಿ ಭಾರವೆಲ್ಲ ನಗರದೊಳಗಿನ ಬಡ ಮಕ್ಕಳ ಹೆಗಲಿಗೆ ಬಿತ್ತು. ನಮ್ಮ ಕನ್ನಡದವರು ಇಲ್ಲಿ ಮನೆ ಹುಡುಕುವಾಗ ಮೊದಲು ನೋಡುವುದೇ ಶಾಲೆ, ಅಲ್ವಾ? ಲೆಕ್ಸಿಂಗ್ಟನ್‌ನಂಥ ಆ ಊರುಗಳು ಆಗ ಹೊರಗುಳಿದವೇ. ಮೆಟ್ಕೋ ಅನ್ನುವ ಯೋಜನೆಯಲ್ಲಿ ನಗರದ ಮಕ್ಕಳು 1966ರಿಂದ ಅಲ್ಲಿಗೆ ಬಸ್ಸಿನಲ್ಲಿ ಬರುತ್ತಿದ್ದಾರೆ. ಅಲ್ಲಿಂದ ನಗರದ ಶಾಲೆಗೆ ಹೋಗಿ ಎಂದು ಯಾವ ಮಗುವಿಗೂ ಹೇಳಿಲ್ಲ.